ಪಾಳಿ ಹಚ್ಚಿದ ಸರ್

"ನಾಟಕದ ಅರ್ಥ ಏನ್ರೀ ಸರ್?" ಎಂದು ಕೇಳಿದವರಿಗೆ ಅವರು ಚಹಾ ಕುಡಿಸುತ್ತಿರಲಿಲ್ಲ. ಚಹಾ ಆಗಲೇ ಹೇಳಿಯಾಗಿದ್ದರೆ ಅದನ್ನೂ ರದ್ದು ಮಾಡಿಸುತ್ತಿದ್ದರು. ಮಸ್ಕಿಯ ಬಸ್ ಸ್ಟ್ಯಾಂಡಿನ ಎದುರಿನ ಹೋಟೆಲಿನಲ್ಲಿ ಇದನ್ನು ನಾನು ಕಣ್ಣಾರೆ ಕಂಡಿದ್ದೇನೆ. ಯಾರೋ ಅಧಿಕಾರಿ, ಪಾಪ, ಒಳ್ಳೆಯ ಮನಸ್ಸಿನಿಂದಲೇ ಕೇಳಿದ್ದರು. ಸರ್ ಅವರನ್ನೊಮ್ಮೆ ಅಡಿಯಿಂದ ಮುಡಿಯವರೆಗೆ ನೋಡಿ, ಗಲ್ಲಾದ ಕಡೆ ತಿರುಗಿ, "ಎರಡು ಹೇಳಿದ್ನಲ್ಲಪಾ, ಒಂದ ಮಾಡು" ಎಂದರು. ಅಧಿಕಾರಿಗಳು ತಮ್ಮ ಚಹಾ ತಾವೇ ಹೇಳಿಕೊಂಡು ಕುಡಿದು ಹೋದರು.

ಆ ಸರ್ ತೀರಿಕೊಂಡ ಸುದ್ದಿ ನನಗೆ ತಡವಾಗಿ ತಿಳಿಯಿತು. ಯಾರೋ ಬಾಳೆಹಣ್ಣು ಕಟ್ಟಿಕೊಟ್ಟ ಪೇಪರಿನಲ್ಲಿ ಅವರ ಫೋಟೋ ಇತ್ತು. ಕೆಳಗೆ ಸಣ್ಣಕ್ಷರದಲ್ಲಿ ನಿವೃತ್ತ ಇತಿಹಾಸ ಉಪನ್ಯಾಸಕರು, ಮಸ್ಕಿಯವರು, ಬಂಧುಬಳಗವನ್ನು ಅಗಲಿದ್ದಾರೆ ಎಂದಿತ್ತು. ಅವರು ನಾಟಕ ಬರೆದಿದ್ದರೆಂಬ ಮಾತೇ ಅದರಲ್ಲಿರಲಿಲ್ಲ. ಆ ನಾಟಕವನ್ನು ಸಿನಿಮಾ ಮಾಡಿದ ಮಾತಂತೂ ಇರಲು ಸಾಧ್ಯವೇ ಇಲ್ಲ, ಅದು ಗೊತ್ತಿದ್ದವರೇ ನಾವು ಕೆಲವರು. ಸಿನಿಮಾ ಆದಮೇಲೆ ಸರ್ ಮತ್ತೇನೂ ಬರೆಯಲಿಲ್ಲ. ಯಾಕೆ ಬಿಟ್ಟರೆಂದು ಕೇಳಿದವರಿಗೆ "ಬರಿಯೂದು ಮುಗೀತು" ಎಂದಷ್ಟೇ ಹೇಳುತ್ತಿದ್ದರಂತೆ. ಯಾಕೆ ಮುಗಿಯಿತೆಂಬುದನ್ನು ನಾನು ಎದುರಿಗೆ ನಿಂತು ನೋಡಿದ್ದೇನೆ. ಅದನ್ನು ಹೇಳುವ ಮೊದಲು ಅವರು ಎಂಥ ಮನುಷ್ಯ ಎಂದು ಸ್ವಲ್ಪ ಹೇಳಬೇಕು.

ಎಂಬತ್ತರ ದಶಕದ ಮೊದಲ ವರ್ಷಗಳಲ್ಲಿ ನಾನು ಸಂತೆಕಲ್ಲೂರಿನಿಂದ ಲಿಂಗಸುಗೂರಿನ ಕಾಲೇಜಿಗೆ ಹೋಗುತ್ತಿದ್ದೆ. ಸರ್ ನಮಗೆ ಇತಿಹಾಸ ಹೇಳುತ್ತಿದ್ದರು. ಹೇಳುತ್ತಿದ್ದರು ಎನ್ನುವುದಕ್ಕಿಂತ ಇತಿಹಾಸವನ್ನು ಕೆಣಕುತ್ತಿದ್ದರು ಎಂದರೆ ಸರಿ. ಅರಸರ ಹೆಸರುಗಳನ್ನು ನಾವು ಉರುಹೊಡೆದು ಒಪ್ಪಿಸಿದರೆ, "ಅರಸನ್ನ ಬಿಡ್ರಿ. ಆವತ್ತು ಅವನ ಒಡ್ಡೋಲಗದ ಬಾಗಲಾಗ ದೂರು ಹೇಳಾಕ ನಿಂತಿದ್ದ ಕಟ್ಟಾಕಡೀ ಮನಿಷ್ಯಾನ ಹೆಸರೇನು?" ಎನ್ನುತ್ತಿದ್ದರು. ಯಾರಿಗೆ ಗೊತ್ತಿರುತ್ತದೆ? ಬೋರ್ಡಿನ ಮೇಲೆ ಒಂದು ದೊಡ್ಡ ಪ್ರಶ್ನಾರ್ಥಕ ಚಿಹ್ನೆ ಬರೆದು, ಅದರ ಕೆಳಗೆ ಎರಡು ಕಾಲು ಎಳೆದು, ಅದನ್ನು ಮನುಷ್ಯನನ್ನಾಗಿ ಮಾಡಿ ಹೊರಟುಬಿಡುತ್ತಿದ್ದರು. ಪರೀಕ್ಷೆಯಲ್ಲಿ ನಾವು ಕೆಲವರು ಅದನ್ನೇ ಬರೆದು ಬಂದು ಪೆಟ್ಟು ತಿಂದದ್ದೂ ಉಂಟು.

ಅವರಿಗೆ ಪಾಳಿಯ ಹುಚ್ಚು. ಪಾಳಿ ಎಂದರೆ ನಮ್ಮ ಕಡೆ ಜನ ಸರದಿಗೆ ನಿಲ್ಲುವ ಸಾಲು. ರೇಶನ್ ಅಂಗಡಿ, ಪೋಸ್ಟಾಫೀಸು, ಟಾಕೀಸು, ಗೊಬ್ಬರದ ಸೊಸೈಟಿ ಎಲ್ಲಿ ನಾಲ್ಕು ಜನ ಸಾಲಾಗಿ ನಿಂತಿದ್ದರೂ ಸರ್ ಹೋಗಿ ಕೊನೆಗೆ ನಿಲ್ಲುವರು. ಹಿಂದೆ ಯಾರಾದರೂ ಬಂದರೆ "ನೀವು ಮುಂದ ಹೋಗ್ರಿ, ನನಗ ಅವಸರಿಲ್ಲ" ಎಂದು ಮತ್ತೆ ಕೊನೆಗೆ ಸರಿಯುವರು. ಅವರಿಗೆ ಬೇಕಾದದ್ದು ಮುಂದಿನವರ ಬೆನ್ನು. "ಮುಖ ಏನೋ, ಕಲಿತದ್ದು ಆಡ್ತೈತಿ. ಬೆನ್ನಿಗೆ ಸುಳ್ಳು ಹೇಳಾಕ ಬರಂಗಿಲ್ಲ" ಎನ್ನುತ್ತಿದ್ದರು. ಸಿಂಧನೂರಿನ ಬಜಾರಿನಂಥ ಬಜಾರಿನಲ್ಲಿ, ಎಷ್ಟೋ ದೂರದಿಂದ, ನನ್ನ ಬೆನ್ನನ್ನೇ ನೋಡಿ ಗುರುತು ಹಿಡಿದು ಕೂಗುತ್ತಿದ್ದರು. ಎದುರಿಗೆ ಸಿಕ್ಕರೆ ಮಾತ್ರ ಒಮ್ಮೊಮ್ಮೆ ಗುರುತು ಸಿಗದೆ ಹಾಗೆಯೇ ಹೋಗಿಬಿಡುವರು.

ಈ ಹುಚ್ಚಿನಿಂದ ಮನೆಯಲ್ಲಿ ಕಷ್ಟ. ಪಾಳಿ ಖಾಲಿಯಾಗಿ ತಾವೇ ಕಿಟಕಿಯ ಎದುರು ಬಂದು ನಿಂತಾಗ ಏನಾದರೂ ತೆಗೆದುಕೊಳ್ಳಲೇಬೇಕಲ್ಲ. ಬೇಡದ ಅಂಚೆಚೀಟಿ, ಹೊಲವಿಲ್ಲದ ಮನೆಗೆ ಗೊಬ್ಬರ, ಅವರೇ ನೋಡದ ಸಿನಿಮಾದ ಟಿಕೇಟು. ಒಮ್ಮೆ ಕುಟುಂಬ ಯೋಜನೆಯವರ ಪಾಳಿಯಲ್ಲಿ ನಿಂತುಬಿಟ್ಟಿದ್ದರಂತೆ. ಅವರ ಹೆಂಡತಿಯೇ ಹೇಳಿದ್ದು: "ಸ್ವಲ್ಪದಾಗ ತಪ್ಪೇತಿ ನೋಡಪಾ. ನಮ್ಮ ತಮ್ಮ ಹೋಗಿ ಕೈ ಹಿಡದು ಜಗ್ಗಿಕೊಂಡು ಬಂದ." ಸರ್ ಪಕ್ಕದಲ್ಲಿ ಕೂತು ಏನೂ ಆಗಿಲ್ಲವೆಂಬಂತೆ ಅಡಕೆ ಕತ್ತರಿಸುತ್ತಿದ್ದರು.

ಇಂಥವರು ನಾಟಕ ಬರೆದರೆ ಅದು ಇನ್ನೆಂಥದಾಗಿರುತ್ತದೆ? ಆಗ ಧಾರವಾಡ, ಬೆಂಗಳೂರುಗಳಲ್ಲಿ ಅಸಂಗತ ನಾಟಕದ ಮಾತು ಜೋರಾಗಿತ್ತು. ಕತೆ ಇಲ್ಲ, ಊರಿಲ್ಲ, ಹೆಸರಿಲ್ಲ, ಮನುಷ್ಯರು ಸುಮ್ಮನೆ ಇರುತ್ತಾರೆ, ಅರ್ಥವಿಲ್ಲದ ಮಾತು ಆಡುತ್ತಾರೆ. ಸರ್ ಯಾವುದೋ ಶಿಬಿರಕ್ಕೆ ಹೋಗಿ ಅದನ್ನೆಲ್ಲ ಕೇಳಿಸಿಕೊಂಡು ಬಂದವರು, "ಇದನ್ನ ಅವರು ಹೊಸಾದು ಅಂತಾರಲೇ. ನಮ್ಮ ರೇಶನ್ ಅಂಗಡಿ ಮುಂದ ದಿನಾ ನಡೀತೈತಿ" ಎಂದು ನಕ್ಕರು. ಆಮೇಲೆ 'ಪಾಳಿ' ಎಂಬ ನಾಟಕ ಬರೆದರು.

ನಾಟಕ ಇಷ್ಟೇ. ಐದು ಜನ ಸಾಲಾಗಿ ನಿಂತಿದ್ದಾರೆ. ಮುಂದೆ ಒಂದು ಕಿಟಕಿ ಇದೆ, ಮುಚ್ಚಿದೆ. ಅಲ್ಲಿ ಏನು ಕೊಡುತ್ತಾರೆಂದು ಯಾರಿಗೂ ಗೊತ್ತಿಲ್ಲ. ಒಬ್ಬ ಸೀಮೆಎಣ್ಣೆ ಎನ್ನುತ್ತಾನೆ. ಒಬ್ಬಳು ದೇಶಾಂತರ ಹೋದ ಗಂಡನ ವಿಳಾಸ ಕೊಡುತ್ತಾರೆ ಎನ್ನುತ್ತಾಳೆ. ಇನ್ನೊಬ್ಬ, "ಏನು ಕೊಟ್ಟರೂ ತಗೊಳ್ಳಾಕ ಬಂದೀನಿ" ಎನ್ನುತ್ತಾನೆ. ನಡುವೆ ಯಾರೋ ಕಿಟಕಿ ಆ ಕಡೆ ಅಲ್ಲ, ಈ ಕಡೆ ಎಂದು ಕೂಗುತ್ತಾರೆ. ಎಲ್ಲರೂ ತಿರುಗಿ ನಿಲ್ಲುತ್ತಾರೆ. ಕೊನೆಯವನು ಮೊದಲಿಗನಾಗುತ್ತಾನೆ, ಆಗಿ ಹೆದರಿಕೊಳ್ಳುತ್ತಾನೆ. ಕಡೆಗೆ ಒಬ್ಬೊಬ್ಬರೂ ತಮ್ಮ ತಮ್ಮ ಚಪ್ಪಲಿಯನ್ನು ನಿಂತ ಜಾಗದಲ್ಲಿಯೇ ಬಿಟ್ಟು ಮನೆಗೆ ಹೋಗುತ್ತಾರೆ. ಚಪ್ಪಲಿಗಳು ಪಾಳಿಯಲ್ಲಿ ನಿಂತಿರುತ್ತವೆ. ಕಿಟಕಿ ತೆರೆಯುವುದಿಲ್ಲ.

ನಮ್ಮ ಕಡೆಯವರಿಗೆ ಆ ಚಪ್ಪಲಿಯ ವಿಷಯ ಬಿಡಿಸಿ ಹೇಳಬೇಕಿಲ್ಲ. ಸೀಮೆಎಣ್ಣೆ ಬರುತ್ತದೆಂದರೆ ನಸುಕಿನಲ್ಲೇ ಡಬ್ಬಿ ತಂದು ಪಾಳಿಗೆ ಇಟ್ಟು ಹೊಲಕ್ಕೆ ಹೋಗುತ್ತಾರೆ. ಡಬ್ಬಿ ಇಲ್ಲದವರು ಕಲ್ಲು ಇಡುತ್ತಾರೆ, ಚಪ್ಪಲಿ ಬಿಡುತ್ತಾರೆ, ಟವೆಲ್ಲು ಗಂಟು ಹಾಕಿ ಇಡುತ್ತಾರೆ. ಮನುಷ್ಯನನ್ನಾದರೂ ದಬ್ಬಿಯಾರು, ಪಾಳಿಗಿಟ್ಟ ಕಲ್ಲನ್ನು ಮಾತ್ರ ಯಾರೂ ಸರಿಸುವುದಿಲ್ಲ. ಸರ್ ಅದನ್ನೇ ರಂಗದ ಮೇಲೆ ತಂದಿದ್ದರು.

ಲಿಂಗಸುಗೂರಿನಲ್ಲಿ ನಾಟಕ ಆಡಿದೆವು. ಐವರಲ್ಲಿ ನಾನು ನಡುವಿನವನು. ಕಂಪನಿ ನಾಟಕ ನೋಡಿ ಬೆಳೆದ ಊರು ಅದು. ಜನ ಸ್ವಲ್ಪ ಹೊತ್ತು ಸುಮ್ಮನಿದ್ದರು, ಆಮೇಲೆ "ಹಾಡು ಹಚ್ರಲೇ!" ಎಂದು ಕೂಗಿದರು, ಆಮೇಲೆ ಎದ್ದು ಹೋದರು. ನಾವು ಚಪ್ಪಲಿ ಬಿಡುವ ಹೊತ್ತಿಗೆ ಎದುರಿಗೆ ಖಾಲಿ ಜಮಖಾನ. ಮೈಕಿನವನೂ ಅರ್ಧ ವೈರು ಸುತ್ತಿಯಾಗಿತ್ತು. ಮುಂದೆ ಮಸ್ಕಿಯಲ್ಲೂ ಸಿಂಧನೂರಿನಲ್ಲೂ ಆಡಿದೆವು. ಊರು ಬೇರೆಯಾದರೂ ಖಾಲಿಯಾಗುವ ರೀತಿ ಒಂದೇ. ಸಿಂಧನೂರಿನಲ್ಲಂತೂ ನನ್ನ ಚಪ್ಪಲಿಯನ್ನು ಯಾರೋ ರಂಗದ ಮೇಲಿನಿಂದಲೇ ಹಾಕಿಕೊಂಡು ಹೋದರು.

ಸರ್ ಮೇಲುಮೇಲೆ ನಗುತ್ತಿದ್ದರು. ಆದರೆ ಅವರಿಗೆ ಅದು ಎಲ್ಲಿ ನಾಟಿತ್ತೆಂದು ಒಂದು ಸಂಜೆ ನನಗೆ ತಿಳಿಯಿತು. ಮಸ್ಕಿಯ ಗುಡ್ಡದ ಬುಡದಲ್ಲಿ ಬಂಡೆಯ ಮೇಲೆ ಕೂತಿದ್ದೆವು. ಕೇಳದೆಯೇ ಹೇಳಿದರು: "ನನಗ ಶಾಲು ಬ್ಯಾಡ, ಹಾರ ಬ್ಯಾಡ. ಒಬ್ಬಾಂವ, ಒಬ್ಬೇ ಒಬ್ಬ ಮನಿಷ್ಯಾ ಕೊನೀ ತನಕ ಕುಂತು ನೋಡಿದ್ರ ಸಾಕು. ಹಂಗ ಆಗಲಿಲ್ಲಂದ್ರ, ನಾ ಬರದದ್ದು ಬರೇ ಹುಚ್ಚಾಟ ಅಂತ ಒಪ್ಪಿಕೊಂಡು ಸುಮ್ನ ಕುಂದರಬೇಕಾಕ್ಕೈತಿ." ಅಷ್ಟು ಹೇಳುವಾಗ ಅವರ ದನಿ ಸಣ್ಣದಾಗಿತ್ತು. ಅಷ್ಟು ಓದಿದ, ಯಾರಿಗೂ ಕೇರ್ ಮಾಡದ ಮನುಷ್ಯ ಒಬ್ಬನೇ ಒಬ್ಬ ನೋಡುಗನಿಗಾಗಿ ಹೀಗೆ ಹಂಬಲಿಸುವುದು ಕಂಡು ಸಂಕಟವಾಯಿತು.

ವರ್ಷಗಳು ಕಳೆದವು. ನನಗೆ ನೀರಾವರಿ ಇಲಾಖೆಯಲ್ಲಿ ಗುಮಾಸ್ತಿಕೆ ಸಿಕ್ಕಿ ಸಿಂಧನೂರಿಗೆ ಬಂದೆ. ತೊಂಬತ್ತರ ದಶಕ ಶುರುವಾಗಿತ್ತು. ಕಾಲುವೆ ಸೀಮೆಯಲ್ಲಿ ಭತ್ತ ಬೆಳೆದವರ ಮನೆಯ ಮದುವೆಗಳಿಗೆ ವಿಡಿಯೋ ಬಂದಿತ್ತು. ಪೂರ್ತಿ ಮದುವೆಯನ್ನು ಕ್ಯಾಸೆಟ್ಟಿನಲ್ಲಿ ತುಂಬಿಕೊಂಡು ಮತ್ತೆ ಮತ್ತೆ ನೋಡುವ ಕಾಲ. ಒಂದು ದಿನ ಸರ್ ನನ್ನ ಆಫೀಸಿಗೆ ಬಂದು, ಕೂರುವ ಮೊದಲೇ ಕೇಳಿದರು:

"ಜವಳಗೇರಾದಾಗ ನಿಮ್ಮ ಇಲಾಖೇದು ಹಳೇ ಕಟ್ಟಡ ಖಾಲಿ ಬಿದ್ದೈತಲ್ಲ, ಅದಕ್ಕ ಕಿಟಕಿ ಐತೇನು?"

"ಐತ್ರೀ ಸರ್. ಕಾಲುವಿ ಕಡಿಯೋ ಮುಂದ ಅಲ್ಲೇ ಪಗಾರ ಹಂಚತಿದ್ರಂತ."

"ಮುಚ್ಚೈತೇನು?"

"ಜಂಗು ಹಿಡಿದು ಕುಂತೈತ್ರಿ. ಒದ್ದರೂ ತೆರಿಯಂಗಿಲ್ಲ."

"ಭೇಷ್" ಎಂದು ಕೂತರು. 'ಪಾಳಿ'ಯನ್ನು ಸಿನಿಮಾ ಮಾಡುವುದೆಂದು ತೀರ್ಮಾನಿಸಿಕೊಂಡೇ ಬಂದಿದ್ದರು. ಸಾಹೇಬರನ್ನು ಕೇಳಿ ಬೀಗದ ಕೈ ತರುವುದು ನನ್ನ ಪಾಲಿಗೆ ಬಂತು.

ನಾಟಕವನ್ನು ಸಿನಿಮಾ ಮಾಡುವುದೆಂದರೆ ಅದನ್ನೇ ಕ್ಯಾಮೆರಾದ ಎದುರು ಆಡಿಬಿಡುವುದೆಂದು ನಾನು ತಿಳಿದಿದ್ದೆ. ಸರ್ ಅದಕ್ಕೆ ತಿಂಗಳುಗಟ್ಟಲೆ ತಲೆ ಕೆಡಿಸಿಕೊಂಡಿದ್ದರು.

"ರಂಗದ ಮ್ಯಾಲ ಆಡಿದಾಗ ಕಿಟಕಿ ಎಲ್ಲಿತ್ತಲೇ?" ಕೇಳಿದರು.

"ಎಲ್ಲೂ ಇರಲಿಲ್ರಿ."

"ಇತ್ತು. ಎದುರಿಗೆ ಮಂದಿ ಕುಂತಿದ್ರಲ್ಲ, ಅವರೇ ಕಿಟಕಿ. ನೀವು ಐದೂ ಮಂದಿ ಅವರ ಮುಖಾ ದಿಟ್ಟಿಸಿಕೋತ, ಏನಾರ ಕೊಡ್ರಿ ಅಂತ ನಿಂತಿದ್ರಿ. ಅವರ ಕಡೆ ಕೊಡಾಕ ಏನಿತ್ತು? ಕಿರಿಕಿರಿ ಆಗಿ ಎದ್ದು ಹೋದ್ರು. ತಪ್ಪು ಅವರದಲ್ಲ, ನಂದು." ಮುಂದಕ್ಕೆ ಬಾಗಿ, ಗುಟ್ಟು ಹೇಳುವವರ ಹಾಗೆ ಹೇಳಿದರು: "ಕ್ಯಾಮೆರಾ ಹಿಂದ ಇಡೂನು. ಬರೇ ಬೆನ್ನು ತಗಿಯೂನು. ನೋಡಾವ ತಾನೂ ಪಾಳಿ ಕೊನೀಗೆ ನಿಂತೀನಿ ಅಂತ ತಿಳಕೋಬೇಕು. ಒಮ್ಮೆ ಪಾಳ್ಯಾಗ ನಿಂತಾವ ಎದ್ದು ಹೋಗಂಗಿಲ್ಲ. ಹೋದ್ರ ಪಾಳಿ ತಪ್ತೈತಲ್ಲ!"

ಹೌದಲ್ಲ ಅನ್ನಿಸಿತು ನನಗೆ. ಈಗಲೂ ಅನ್ನಿಸುತ್ತದೆ.

ಒಪ್ಪದವನು ಖಾಜಾ. ಸಿಂಧನೂರಿನಲ್ಲಿ ಮದುವೆ ವಿಡಿಯೋ ತೆಗೆಯುವವನು. ಆಷಾಢದಲ್ಲಿ ಮದುವೆಗಳಿಲ್ಲದ್ದರಿಂದ ಕೈಗೆ ಸಿಕ್ಕಿದ್ದ. ಅವನ ಕಸುಬೆಲ್ಲ ಮುಖದ ಮೇಲೆ ನಿಂತದ್ದು. ಊಟಕ್ಕೆ ಕೂತವರ ಪಂಕ್ತಿಯಲ್ಲಿ ಒಂದು ಮುಖ ಬಿಟ್ಟರೂ ಆ ಬೀಗರು ವರ್ಷಗಟ್ಟಲೆ ಬೈಯುತ್ತಾರೆ. "ಸರ್, ಬೆನ್ನು ಯಾರು ನೋಡ್ತಾರ್ರೀ? ನನ್ನ ಹೆಸರು ಖರಾಬ್ ಆಗ್ತೈತಿ" ಎಂದು ಗೋಗರೆದ. ಸರ್ ಅವನ ಭುಜ ತಟ್ಟಿ, "ನಿನ್ನ ಹೆಸರು ಹಾಕೂದಿಲ್ಲ ಬಿಡು" ಎಂದರು. ಅದಕ್ಕೂ ಅವನು ಒಪ್ಪಲಿಲ್ಲ. ಹೆಸರು ಬೇಕು, ಬೆನ್ನು ಬೇಡ. ಕಡೆಗೆ ಹೆಸರೂ ಇರಲಿ, ಬೆನ್ನೂ ಇರಲಿ ಎಂದಾಯಿತು.

ಜವಳಗೇರಾಕ್ಕೆ ಹೋದೆವು. ನಾನು, ನಮ್ಮ ಆಫೀಸಿನ ಜವಾನ, ಮಸ್ಕಿಯ ಇಬ್ಬರು ಮಾಸ್ತರರು, ಒಬ್ಬ ಅಂಗನವಾಡಿ ಟೀಚರು, ಹೀಗೆ ಐವರು ಮುಚ್ಚಿದ ಕಿಟಕಿಯ ಎದುರು ಸಾಲಾಗಿ ನಿಂತೆವು. ಸುತ್ತ ಭತ್ತದ ಗದ್ದೆ, ನಾಟಿಯ ದಿನಗಳು. ಸರ್ "ಹೂಂ" ಎಂದರು. ಖಾಜಾ ಕ್ಯಾಮೆರಾ ಹೆಗಲಿಗಿಟ್ಟ ಕೂಡಲೇ ರೂಢಿಯ ಬಲದಿಂದ "ಎಲ್ಲಾರೂ ಇತ್ಲಾಗ ನೋಡ್ರಿ, ಸ್ವಲ್ಪ ನಗ್ರಿ!" ಎಂದು ಕೂಗಿದ. ಐವರೂ ತಿರುಗಿ ನಕ್ಕೆವು. ಸರ್ ತಲೆಯ ಮೇಲೆ ಕೈ ಹೊತ್ತು ಬದುವಿನ ಮೇಲೆ ಕೂತರು. ಟೇಪು ಹಿಂದಕ್ಕೆ ಸುತ್ತಿ ಮತ್ತೆ ಮೊದಲಿನಿಂದ ತೆಗೆಯಬೇಕಾಯಿತು.

ಮುಂದಿನದು ನಾಟಕದಲ್ಲಿ ಇರಲಿಲ್ಲ. ರಸ್ತೆಯಲ್ಲಿ ಹೋಗುತ್ತಿದ್ದ ಹೆಣ್ಣುಮಗಳೊಬ್ಬಳು ನಮ್ಮನ್ನು ನೋಡಿದಳು. ಸರಕಾರಿ ಕಟ್ಟಡ, ಮುಚ್ಚಿದ ಕಿಟಕಿ, ಎದುರಿಗೆ ಪಾಳಿ. ಒಂದು ಮಾತೂ ಕೇಳದೆ ಮನೆಗೆ ಓಡಿಹೋಗಿ ಸೀಮೆಎಣ್ಣೆ ಡಬ್ಬಿ ತಂದು ನಮ್ಮ ಹಿಂದೆ ಇಟ್ಟಳು. ಅವಳನ್ನು ನೋಡಿ ಇನ್ನೊಬ್ಬಳು ಬಂದಳು. ನಾಟಿಗೆ ಹೊರಟಿದ್ದವರು ಗದ್ದೆಯ ಬದುವಿನಿಂದ ಒಂದೊಂದು ಕಲ್ಲು ತಂದಿಟ್ಟು, "ಇದು ನಂದು, ಬರ್ತೀನಿ" ಎಂದು ಹೇಳಿ ಕೆಸರಿಗಿಳಿದರು. ನಿರಾಶ್ರಿತರ ಆರ್.ಎಚ್. ಕ್ಯಾಂಪಿನ ಬಂಗಾಳಿಯೊಬ್ಬ ಸೈಕಲ್ಲಿಗೆ ಮೀನಿನ ಬುಟ್ಟಿ ಕಟ್ಟಿಕೊಂಡು ಬಂದವನು ಸೈಕಲ್ಲು ಸಮೇತ ನಿಂತು, "ಏನ್ ಕೊಡ್ತಾ ಇದೆ?" ಎಂದು ಕೇಳಿದ. ಅವನ ಮುಂದಿದ್ದ ಮುದುಕಿಯೊಬ್ಬಳು, "ಕೊಟ್ಟಾಗ ಗೊತ್ತಾಕ್ಕೈತಿ, ಸುಮ್ನ ನಿಂದ್ರು" ಎಂದಳು. ಅದು ಹೆಚ್ಚುಕಡಿಮೆ ನಾಟಕದ ಮಾತೇ. ನಮಗೆ ನಗು ತಡೆಯಲಾಗಲಿಲ್ಲ. ಪುಣ್ಯಕ್ಕೆ ಬೆನ್ನು ಮಾಡಿ ನಿಂತಿದ್ದೆವು.

ಖಾಜಾ ಕ್ಯಾಮೆರಾ ಇಳಿಸಿ, "ಸರ್, ಮಂದಿ ಅಡ್ಡ ಬರಾಕತ್ತಾರ, ಕಳಸ್ರಿ" ಎಂದ. ಸರ್ ಅವನ ಕಿವಿಯ ಹತ್ತಿರ ಬಂದು, "ನಿಲ್ಲಿಸಿದ್ರ ನಿನ್ನ ಕೈ ಕಡೀತೀನಿ. ತಗೀ" ಎಂದರು. ಅವರ ಮುಖ ನೋಡಬೇಕಿತ್ತು. ಮಕ್ಕಳ ಮುಖ ಹಾಗೆ ಆಗುತ್ತದೆ. ನಮಗೆಲ್ಲ ಬಾಯಿಯ ಮೇಲೆ ಬೆರಳಿಟ್ಟು ಸನ್ನೆ ಮಾಡಿದರು: ಯಾರಿಗೂ ಹೇಳಬೇಡಿ.

ಆಗ ಹುಲಿಗೆಪ್ಪ ತಾತ ಬಂದ. ಒಂದು ಕಾಲಕ್ಕೆ ಕುರಿ ಕಾಯುತ್ತಿದ್ದವನು, ಎರಡೂ ಕಣ್ಣಿಗೆ ಪೊರೆ ಬಂದಿತ್ತು. ಸೊಸೆ ಕೈಹಿಡಿದು ತಂದಳು. ಆ ಕಾಲದಲ್ಲಿ ಊರೂರಿಗೆ ಕಣ್ಣಿನ ಡಾಕ್ಟರು ಬಂದು ಹೀಗೇ ಯಾವುದಾದರೂ ಸರಕಾರಿ ಕಟ್ಟಡದಲ್ಲಿ ಕೂರುತ್ತಿದ್ದರು. ಜನ ಸೇರಿದ್ದು ನೋಡಿ ಅವಳು ಅದೇ ಎಂದುಕೊಂಡಿದ್ದಳು. "ಕಣ್ಣಿಲ್ಲದ ಮುದುಕ ಐತಪಾ, ಸ್ವಲ್ಪ ಮುಂದ ಬಿಡ್ರಿ" ಎಂದು ಎಲ್ಲರನ್ನೂ ಬೇಡಿಕೊಂಡು, ಅವನನ್ನು ತಂದು ನನ್ನ ಹಿಂದೆ ನಿಲ್ಲಿಸಿ ನಾಟಿಗೆ ಹೋದಳು. ತಾತ ನನ್ನ ಹೆಗಲ ಮೇಲೆ ಕೈಯಿಟ್ಟ.

"ತಮ್ಮಾ, ಡಾಕ್ಟರು ಒಳಗ ಅದಾರೇನಪಾ?"

ನಾನು ತಿರುಗಿ ಹೇಳಲು ಬಾಯಿ ತೆಗೆದೆ. ಸರ್ ಅಲ್ಲಿಂದಲೇ ಕೈಯೆತ್ತಿ ತಡೆದರು. ಕ್ಯಾಮೆರಾ ಓಡುತ್ತಿತ್ತು. ನನ್ನ ಬಾಯಿಗೆ ಬಂದದ್ದು ನಾಟಕದಲ್ಲಿ ನಾನು ಆಡಬೇಕಿದ್ದ ಮಾತೇ.

"ಒಳಗ ಯಾರು ಅದಾರೋ, ಯಾರಿಲ್ಲೋ, ಯಾರಿಗೆ ಗೊತ್ತು?"

"ಇರ್ತಾರ ಬಿಡು" ಎಂದ ತಾತ. "ಇಷ್ಟು ಮಂದಿ ಸುಮ್ಮಸುಮ್ಮನ ನಿಂದರ್ತಾರೇನು?"

ಸರ್ ತಮ್ಮ ಬಾಯಿಯನ್ನು ತಾವೇ ಮುಚ್ಚಿಕೊಂಡದ್ದು ಕಾಣಿಸಿತು. ಆ ಮಾತನ್ನು ತಾವು ಜೀವಮಾನದಲ್ಲೂ ಬರೆಯಲಾಗುತ್ತಿರಲಿಲ್ಲ ಎಂದು ಆಮೇಲೆ ಹೇಳಿದರು.

ಹೊತ್ತಿಳಿಯಿತು. ಡಬ್ಬಿಯವರು ಡಬ್ಬಿ ಒಯ್ದರು, ಕೆಲವರು ನಮಗೂ ಸರಕಾರಕ್ಕೂ ಸೇರಿಸಿ ಬೈದರು. ವಿಡಿಯೋ ಎಂದು ತಿಳಿದ ಮೇಲೆ ನಕ್ಕರು, ನಮ್ಮದೂ ಬಂದೈತೇನು ಎಂದು ಖಾಜಾನನ್ನು ಮುತ್ತಿಕೊಂಡರು. ತಾತ ಮಾತ್ರ ನಿಂತೇ ಇದ್ದ. ಸರ್ ಅವನ ಹತ್ತಿರ ಹೋದರು. ಏನು ಹೇಳುತ್ತಾರೆಂದು ನಾನು ಕುತೂಹಲದಿಂದ ನೋಡಿದೆ. "ಇವತ್ತು ಆಗಲಿಲ್ಲ ತಾತ" ಎಂದರು, "ಮುಂದ ಹೇಳಿ ಕಳಸ್ತೀವಿ." ನಾವು ನಿನ್ನನ್ನು ಸಿನಿಮಾದಲ್ಲಿ ನಿಲ್ಲಿಸಿಕೊಂಡಿದ್ದೆವು ಎಂದು ಅವನಿಗೆ ಹೇಳಲು ಅವರಿಗೆ ಬಾಯಿ ಬರಲಿಲ್ಲ ಎಂದು ಕಾಣುತ್ತದೆ. ತಾತ, "ಆತ್ರೆಪಾ, ಮರೀಬ್ಯಾಡ್ರಿ" ಎಂದು ಕೈ ಮುಗಿದ. ಅವನು ಕೈಮುಗಿದ ದಿಕ್ಕಿನಲ್ಲಿ ಸರ್ ಇರಲಿಲ್ಲ, ಕಿಟಕಿ ಇತ್ತು.

ಎರಡು ತಿಂಗಳ ಮೇಲೆ ಸಿನಿಮಾ ತಯಾರಾಯಿತು. ಸಿಂಧನೂರಿನಲ್ಲಿ ತೋರಿಸೋಣ, ಹಾಲ್ ಸಿಗುತ್ತದೆ ಎಂದೆ. ಸರ್ ಕೇಳಲಿಲ್ಲ. ಯಾರು ಪಾಳಿಯಲ್ಲಿ ನಿಂತಿದ್ದರೋ ಅವರೇ ಮೊದಲು ನೋಡಬೇಕು ಎಂದರು. "ಇವರು ಎದ್ದು ಹೋಗಂಗಿಲ್ಲ ನೋಡು. ಇವರು ಒಪ್ಪಿದ್ರ ಇನ್ನೊಂದು ನಾಟಕ ತಲ್ಯಾಗ ಐತಿ, ಶುರು ಮಾಡ್ತೀನಿ. ಒಪ್ಪಲಿಲ್ಲಂದ್ರ..." ಎಂದು ನಿಲ್ಲಿಸಿದರು. ಉಳಿದದ್ದನ್ನು ಗುಡ್ಡದ ಬುಡದಲ್ಲಿಯೇ ಹೇಳಿಯಾಗಿತ್ತು.

ಟ್ರ್ಯಾಕ್ಟರಿನಲ್ಲಿ ಟಿವಿ, ವಿಸಿಆರ್ ಹೇರಿಕೊಂಡು ಜವಳಗೇರಾಕ್ಕೆ ಹೋದೆವು. ಹಗಲು ಕರೆಂಟು ಇರುವ ಹೊತ್ತು ನೋಡಿ, ಅದೇ ಕಟ್ಟಡದ ಒಳಗೆ, ಬೆಳಕಿಂಡಿಗಳಿಗೆ ಗೋಣಿಚೀಲ ಹೊಡೆದು ಕತ್ತಲೆ ಮಾಡಿದೆವು. ಅವತ್ತು ಬಂದವರೆಲ್ಲ ಬರಬೇಕೆಂದು ಓಣಿ ಓಣಿಗೆ ಹೇಳಿ ಕಳಿಸಿದೆವು. ಕೋಣೆ ತುಂಬಿತು. ಹುಲಿಗೆಪ್ಪ ತಾತನನ್ನೂ ಸೊಸೆ ಕರೆತಂದು ಎಲ್ಲರಿಗಿಂತ ಮುಂದೆ ಕೂರಿಸಿ ಕಳೆ ತೆಗೆಯಲು ಹೋದಳು. ಪೊರೆಗಣ್ಣಿಗೆ ಏನು ಕಾಣುತ್ತದೋ, ಮಾತಾದರೂ ಕೇಳಿಸಿಕೊಳ್ಳಲಿ ಎಂದುಕೊಂಡೆ. ಸರ್ ಹಿಂದಿನ ಗೋಡೆಗೊರಗಿ ನಿಂತರು. ಅವರಿಗೆ ಬೇಕಾದ ಬೆನ್ನುಗಳೆಲ್ಲ ಅಲ್ಲಿದ್ದವು.

ಮೊದಲು ಬಹಳ ಚಂದ ನಡೆಯಿತು. "ಅದು ನಮ್ಮ ದೊಡ್ಡವ್ವನ ಸೀರಿ!" "ಲೇ, ನಿನ್ನ ಬೋಳು ತಲಿ ನೋಡಲೇ!" ಎಂದು ಕೂಗಾಟ. ಸರ್ ಖುಷಿಯಿಂದ ನನ್ನ ಕೈ ಹಿಸುಕಿದರು. ಆಮೇಲೆ ಒಬ್ಬಳು ಕೇಳಿದಳು, "ಮುಖ ಯಾವಾಗ ಬರ್ತೈತ್ರೀ?" ಖಾಜಾ ಸರ್ ಕಡೆ ನೋಡಿದ. ಬರುವುದಿಲ್ಲ ಎಂದು ಗೊತ್ತಾಗುತ್ತ ಹೋದಂತೆ ಜನ ಮಿಸುಕಾಡತೊಡಗಿದರು. ಒಬ್ಬಳಿಗೆ ಎಮ್ಮೆ ನೆನಪಾಯಿತು, ಒಬ್ಬನಿಗೆ ನೀರು ಕಟ್ಟುವುದು ನೆನಪಾಯಿತು. "ಬರೇ ಬೆನ್ನು ನೋಡಾಕ ಕರದ್ರೇನು" ಎಂದು ಯಾರೋ ಎದ್ದರು. ಅವರ ಹಿಂದೆ ಇನ್ನೊಬ್ಬರು. ಪ್ರತಿ ಸಲ ಬಾಗಿಲ ಪರದೆ ಸರಿದಾಗ ಬೆಳಕು ಬಂದು ಟಿವಿಯ ಚಿತ್ರ ಮಾಸುತ್ತಿತ್ತು. ಸರ್ ಹಿಡಿದಿದ್ದ ನನ್ನ ಕೈ ಬಿಟ್ಟರು. ನಾನು ಅವರ ಮುಖ ನೋಡಲು ಹೋಗಲಿಲ್ಲ.

ಟಿವಿಯಲ್ಲಿ ಚಪ್ಪಲಿಗಳು ಪಾಳಿಯಲ್ಲಿ ನಿಂತವು. ಚಿತ್ರ ಮುಗಿದು ತೆರೆಯ ತುಂಬ ಬಿಳಿ ಚುಕ್ಕೆಗಳು ಸುರ್ರೆಂದವು. ಕೋಣೆ ಖಾಲಿಯಾಗಿತ್ತು.

ಪೂರ್ತಿ ಖಾಲಿಯಾಗಿರಲಿಲ್ಲ. ಮುಂದೆ, ಟಿವಿಗೆ ಎದುರಾಗಿ, ಹುಲಿಗೆಪ್ಪ ತಾತ ಬೆನ್ನು ನೆಟ್ಟಗೆ ಮಾಡಿಕೊಂಡು ಕೂತಿದ್ದ. ಮೊದಲಿನಿಂದ ಕೊನೆಯವರೆಗೆ ಅಲುಗಾಡಿರಲಿಲ್ಲ.

ಸರ್ ಅದನ್ನು ನನಗಿಂತ ಮೊದಲೇ ನೋಡಿದ್ದರು. "ಕುಂತಾನಲೇ" ಎಂದರು ಮೆಲ್ಲಗೆ. "ಕೊನೀ ತನಕ ಕುಂತಾನ." ಅವರ ಕಣ್ಣಲ್ಲಿ ನೀರು ಬಂದಿತ್ತು. ಓಡಿಹೋದಂತೆ ಹೋಗಿ ತಾತನ ಎದುರಿಗೆ ನೆಲದ ಮೇಲೆ ಮಂಡಿಯೂರಿದರು. ಅರ್ಥ ಕೇಳಿದವರ ಚಹಾ ರದ್ದು ಮಾಡಿಸುತ್ತಿದ್ದ ಮನುಷ್ಯ, ಬೇರೆಯವರನ್ನು ತಾವಾಗಿ ಕೇಳಿದ್ದನ್ನು ನಾನು ಕಂಡದ್ದು ಅದೊಂದೇ ಸಲ.

"ಹೆಂಗನಿಸ್ತು ತಾತ?"

"ಏನು ಅನಿಸೂದ್ರೀ? ಹೇಳಿ ಕಳಿಸಿದ್ರಿ, ಬಂದು ಕುಂತೀನಿ. ಮಂದಿ ಮಾತಾಡೂದು ಕೇಳಸ್ತು. ಆಮ್ಯಾಲ ಒಬ್ಬೊಬ್ಬರ ಎದ್ದು ಹೋದಂಗಾತು." ತಾತ ಸರ್ ದನಿ ಬಂದ ಕಡೆಗೆ ಮುಖ ತಿರುಗಿಸಿದ. ಅವನ ಬಿಳಿಗಟ್ಟಿದ ಕಣ್ಣುಗಳ ಮೇಲೆ ಟಿವಿಯ ಬೆಳಕು ಬಿದ್ದಿತ್ತು. "ಎಲ್ಲಾರದೂ ಆತೇನ್ರೀ? ನನ್ನ ಪಾಳಿ ಬಂತೇನು?"

ಖಾಜಾ, "ತಾತ, ಇದು ವಿಡಿಯೋ..." ಎಂದು ಶುರು ಮಾಡಿದವನು ಸರ್ ಅವರನ್ನು ನೋಡಿ ಸುಮ್ಮನಾದ. ಸರ್ ತಾತನ ಎರಡೂ ಕೈ ಹಿಡಿದುಕೊಂಡರು.

"ಡಾಕ್ಟರು ಬಂದಿಲ್ಲ ತಾತ. ಅವತ್ತೂ ಬಂದಿರಲಿಲ್ಲ. ನಾವು ಸುಮ್ಮಸುಮ್ಮನ ನಿಂತಿದ್ವಿ. ನಾ ನಿಮಗ ಸುಳ್ಳು ಹೇಳೀನಿ."

ತಾತ ಸಿಟ್ಟಾಗುತ್ತಾನೆ, ಬೈಯುತ್ತಾನೆ ಎಂದುಕೊಂಡೆ. ಬೈದಿದ್ದರೆ ಚೆನ್ನಾಗಿತ್ತು. ಅವನು ಅದನ್ನೂ ಒಂದು ಸುದ್ದಿಯಂತೆ ಕೇಳಿಕೊಂಡು, ಸ್ವಲ್ಪ ಯೋಚಿಸಿ, "ಹೌದೇನು?" ಎಂದ. "ಹಂಗಾರ ಯಾವತ್ತು ಬರ್ತಾರಂತ್ರೀ? ನಾ ಕುಂತಿರ್ತೀನಿ, ನನಗೇನೂ ಅವಸರಿಲ್ಲ."

"ಅವರು ಬರೂದಿಲ್ಲ ತಾತ" ಎಂದರು ಸರ್. "ಅವರು ಬರೂದಿಲ್ಲ. ನಾವ ಹೋಗೂನು. ಏಳ್ರಿ."

ತಾತನನ್ನು ರಟ್ಟೆ ಹಿಡಿದು ಎಬ್ಬಿಸಿ, ಹಾಗೆಯೇ ಹೊರಗೆ ನಡೆಸಿಕೊಂಡು ಹೊರಟರು. ಗದ್ದೆಯಲ್ಲಿ ಕಳೆ ತೆಗೆಯುತ್ತಿದ್ದ ಸೊಸೆಗೆ ರಸ್ತೆಯಿಂದಲೇ, "ರಾಯಚೂರಿಗೆ ಕರಕೊಂಡು ಹೊಂಟೀನವಾ, ಕಣ್ಣು ತೋರಿಸಿಕೊಂಡ ಬರ್ತೀನಿ" ಎಂದು ಕೂಗಿ ಹೇಳಿದರು. ಅವಳು ಕೆಸರುಗೈಯಲ್ಲೇ ಎದ್ದು ನಿಂತು ನೋಡಿದಳು. ಬಸ್ಸು ಬರುವುದು ದೂರದಲ್ಲಿ ಕಾಣುತ್ತಿತ್ತು.

ಖಾಜಾ ವಿಸಿಆರಿನಿಂದ ಕ್ಯಾಸೆಟ್ಟು ಕಿತ್ತುಕೊಂಡು ರಸ್ತೆಯವರೆಗೆ ಓಡಿದ. ಅದಕ್ಕೆ ಇನ್ನೊಂದು ಪ್ರತಿ ಇರಲಿಲ್ಲ.

"ಸರ್, ಇದನ್ನೇನು ಮಾಡ್ಲಿ?"

ಸರ್ ತಾತನನ್ನು ಮೊದಲು ಹತ್ತಿಸಿದರು. ಆಮೇಲೆ ತಾವು ಹತ್ತಿ, ಕಂಬಿ ಹಿಡಿದು, ಬಾಗಿಲಲ್ಲಿ ಬಗ್ಗಿ ಹೇಳಿದರು.

"ಯಾರದಾರ ಮದಿವಿ ತಗೀ ಅದರ ಮ್ಯಾಲ."